ಎಡಗೈಯ ನಾಲ್ಕು ಸೆಕೆಂಡು

ಆರು ತಿಂಗಳಿಂದ ಆ ಮನೆಯ ಊಟದ ಮೇಜಿನ ಮೇಲೆ ಯಾರೂ ಊಟ ಮಾಡಿರಲಿಲ್ಲ. ಮೇಜಿನ ಮುಕ್ಕಾಲು ಪಾಲು ಸೊಸೆಯ ಕಂಪ್ಯೂಟರಿಗೆ, ಅದರ ಎರಡು ಪರದೆಗಳಿಗೆ, ಒಂದಕ್ಕೊಂದು ಹೆಣೆದುಕೊಂಡ ತಂತಿಗಳಿಗೆ ಹೋಗಿತ್ತು. ಉಳಿದ ಕಾಲು ಪಾಲಿನಲ್ಲಿ ಅತ್ತೆಯ ತರಕಾರಿ ಹಲಗೆ. ಮನೆಯವರು ತಟ್ಟೆಯನ್ನು ತೊಡೆಯ ಮೇಲಿಟ್ಟುಕೊಂಡು, ಒಬ್ಬರು ಸೋಫಾದಲ್ಲಿ, ಒಬ್ಬರು ಕಿಟಕಿ ಕಟ್ಟೆಯಲ್ಲಿ, ಒಬ್ಬರು ಮೆಟ್ಟಿಲ ಮೇಲೆ, ಬಸ್ಸು ತಪ್ಪಿಸಿಕೊಂಡ ಪ್ರಯಾಣಿಕರ ಹಾಗೆ ಉಣ್ಣುತ್ತಿದ್ದರು.

“ಮೇಜು ಕೊಂಡಿದ್ದು ನಾನು. ಅದರ ಮೇಲೆ ಇನ್ನೊಂದು ತುತ್ತು ತಿಂದು ಸಾಯ್ತೀನೋ ಇಲ್ವೋ,” ಎಂದು ಅತ್ತೆ ದಿನಕ್ಕೊಮ್ಮೆಯಾದರೂ ಅನ್ನದೆ ಬಿಡುತ್ತಿರಲಿಲ್ಲ.

“ಇನ್ನು ಮೂರೇ ವಾರ ಅತ್ತೆ,” ಎಂದು ಸೊಸೆ ಪರದೆಯಿಂದ ಕಣ್ಣು ಕೀಳದೆ ಹೇಳುತ್ತಿದ್ದಳು. ಆ ಮೂರು ವಾರ ಶುರುವಾಗಿ ಆಗಲೇ ಎರಡು ತಿಂಗಳಾಗಿತ್ತು.

ಸೊಸೆಯ ಕಸುಬು ಸಾಕ್ಷ್ಯಚಿತ್ರ. ಕಂಪನಿ ಇಲ್ಲ, ಮೇಲಧಿಕಾರಿ ಇಲ್ಲ, ಕೈಕೆಳಗೆ ಒಬ್ಬ ಆಳೂ ಇಲ್ಲ. ಕ್ಯಾಮೆರಾ ಹೊರುವವಳು ಅವಳೇ, ಧ್ವನಿ ಹಿಡಿಯುವವಳು ಅವಳೇ, ಕತ್ತರಿಸಿ ಜೋಡಿಸುವವಳು ಅವಳೇ, ಕೊನೆಗೆ ಹಿನ್ನೆಲೆಯಲ್ಲಿ ಮಾತಾಡುವವಳೂ ಅವಳೇ. ಹದಿನೈದು ವರ್ಷದಲ್ಲಿ ಅವಳು ಮುಟ್ಟದ ವಿಷಯವಿಲ್ಲ. ಜೇನು ಸಾಕುವವರ ಚಿತ್ರ ಮಾಡಿದ ವರ್ಷ ಗಂಡನ ಮೂಗು ಆಲೂಗಡ್ಡೆಯಾಗಿತ್ತು. ಕೃತಕ ಹಲ್ಲು ಮಾಡುವವರ ಚಿತ್ರದ ಕಾಲಕ್ಕೆ ಅಡುಗೆಮನೆಯ ಗೂಡಿನಲ್ಲಿ, ಸಕ್ಕರೆ ಡಬ್ಬದ ಪಕ್ಕದಲ್ಲೇ, ಯಾರದೋ ಮೇಲ್ದವಡೆ ನಗುತ್ತಾ ಕೂತಿತ್ತು. ಸೇತುವೆಗೆ ಬಣ್ಣ ಬಳಿಯುವವರು, ಕಣ್ಣಿಲ್ಲದವರ ಚದುರಂಗ, ಬೆಂಕಿ ಬಿದ್ದರೆ ಮೆಟ್ಟಿಲಿಳಿಯುವುದು ಹೇಗೆಂದು ಕಾರ್ಖಾನೆಯವರಿಗೆ ಪಾಠ, ಯಾವುದಕ್ಕೂ ಅವಳು ಒಲ್ಲೆ ಎಂದವಳಲ್ಲ. ಈ ಸಲದ್ದು ದೊಡ್ಡಾಸ್ಪತ್ರೆಯ ಲಾಂಡ್ರಿ. ದಿನಕ್ಕೆ ಎರಡು ಸಾವಿರ ಬೆಡ್‌ಶೀಟು ಒಗೆದು, ಒಣಗಿಸಿ, ಮಡಿಸಿ ವಾರ್ಡುಗಳಿಗೆ ಕಳಿಸುವ ನಲವತ್ತು ಹೆಂಗಸರ ಕಥೆ.

“ಊರವರ ಶೀಟೆಲ್ಲ ಒಗೆಯೋದನ್ನ ಆರು ತಿಂಗಳಿಂದ ಕಣ್ಣು ಬಿಟ್ಕೊಂಡು ನೋಡ್ತಿದಾಳೆ. ಮನೆ ಶೀಟು ಮೂರು ದಿನದಿಂದ ಬಕೆಟ್ಟಲ್ಲಿ ನೆನೀತಿದೆ,” ಎಂದು ಅತ್ತೆ ಮಗನಿಗೆ ದೂರು ಹೇಳಿದರು.

ಮಗ ಲಿಫ್ಟ್ ರಿಪೇರಿಯವನು. ಹಗಲೆಲ್ಲ ಮೇಲೆ ಕೆಳಗೆ ಓಡಾಡಿ ಬಂದವನಿಗೆ ಮನೆಯಲ್ಲಿ ಯಾರ ಪಕ್ಷ ವಹಿಸುವ ತ್ರಾಣವೂ ಇರುತ್ತಿರಲಿಲ್ಲ. “ನಾನೇ ಒಗೀತೀನಿ ಬಿಡಮ್ಮ,” ಎಂದು ಬಕೆಟ್ ಎತ್ತಿಕೊಂಡು ಹೋದ.

ಅತ್ತೆಗೆ ಉರಿದುಹೋಯಿತು. ಮಗ ಒಗೆಯುವುದು ಬೇಕಿರಲಿಲ್ಲ, ಸೊಸೆ ನಾಚಿಕೊಳ್ಳುವುದು ಬೇಕಿತ್ತು.

ಅತ್ತೆ ಬಿಸ್ಕತ್ ಕಾರ್ಖಾನೆಯ ಪ್ಯಾಕಿಂಗ್ ಸಾಲಿನಲ್ಲಿ ಮೂವತ್ತೊಂದು ವರ್ಷ ನಿಂತವರು. ಗಂಟೆ ಹೊಡೆದರೆ ಕೆಲಸ, ಗಂಟೆ ಹೊಡೆದರೆ ಮನೆ, ತಿಂಗಳ ಮೊದಲನೆಯ ದಿನ ಸಂಬಳ. ಅವರ ಲೆಕ್ಕದಲ್ಲಿ ಕೆಲಸವೆಂದರೆ ಅದು. ಒಂದು ತಿಂಗಳು ಕಾಡಿಗೆ ಹೋಗಿ ಜೇನಿನ ಹಿಂದೆ ಬೀಳುವುದು, ಮತ್ತೆರಡು ತಿಂಗಳು ಕೂದಲು ಕೆದರಿಕೊಂಡು ಪರದೆ ನೋಡುವುದು, ಇದನ್ನು ಏನೆಂದು ಕರೆಯಬೇಕೋ ಅವರಿಗೆ ಇವತ್ತಿಗೂ ತಿಳಿದಿಲ್ಲ. ನೆರೆಯವರು ಕೇಳಿದರೆ “ಸೊಸೆಗೆ ಫೋಟೋ ಅಂಗಡಿ ಇದೆ” ಎಂದುಬಿಡುತ್ತಿದ್ದರು.

ಆದರೆ ಅತ್ತೆ ಸೊಸೆ ಇಬ್ಬರ ಕೈ ಕೂಡುವ ಒಂದು ಜಾಗವಿತ್ತು. ಭಾನುವಾರ ಬೆಳಿಗ್ಗೆ ಮಹಡಿಯ ಮೇಲೆ ಒಣಗಿದ ಶೀಟುಗಳನ್ನು ಮಡಿಸುವುದು. ಆ ಕಡೆ ಎರಡು ಮೂಲೆ ಒಬ್ಬರು, ಈ ಕಡೆ ಎರಡು ಮೂಲೆ ಒಬ್ಬರು. ವಾರದ ಜಗಳವೆಲ್ಲ ಅಲ್ಲೇ ತೀರಬೇಕು, ಏಕೆಂದರೆ ಕೈಯಲ್ಲಿ ಶೀಟಿದ್ದಾಗ ಯಾರೂ ಮುಖ ತಿರುಗಿಸಿಕೊಂಡು ಹೋಗುವ ಹಾಗಿಲ್ಲ. ಬಾಯಲ್ಲಿ ಎಷ್ಟೇ ಜಗಳವಾಡಲಿ, ಹದಿನೈದು ವರ್ಷದಲ್ಲಿ ಅವರ ಕೈ ಒಮ್ಮೆಯೂ ತಪ್ಪಿರಲಿಲ್ಲ. ಅದೇ ಗಂಡ ಹೆಂಡತಿ ಮಡಿಸಲು ನಿಂತರೆ ಶೀಟು ತಿರುಚಿ ಹಗ್ಗವಾಗುತ್ತಿತ್ತು. “ಲಿಫ್ಟ್ ರಿಪೇರಿ ಮಾಡೋ ಕೈಗೆ ಒಂದು ಶೀಟು ಬಗ್ಗಲ್ಲ,” ಎಂದು ಮೊಮ್ಮಗಳು ಅಪ್ಪನನ್ನು ಆಡಿಕೊಳ್ಳುತ್ತಿದ್ದಳು.

ಅಂಥ ಒಂದು ಭಾನುವಾರವೇ ಸೊಸೆ ಸುದ್ದಿ ಹೇಳಿದ್ದು.

“ಅತ್ತೆ, ಚಾನೆಲ್ಲಿನವರು ಫೋನ್ ಮಾಡಿದ್ರು. ಲಾಂಡ್ರಿ ಚಿತ್ರ ತಗೋತಾರಂತೆ.”

“ಒಳ್ಳೇದಾಯ್ತು. ಮೇಜು ಖಾಲಿಯಾಗುತ್ತೆ.”

“ಇನ್ನೊಂದಿದೆ. ಚಿತ್ರ ಚೆನ್ನಾಗಿ ಬಂದ್ರೆ ನನಗೆ ಅಲ್ಲೇ ಕೆಲಸ ಕೊಡ್ತಾರಂತೆ. ಖಾಯಂ.”

ಅತ್ತೆಯ ಕೈಯಲ್ಲಿದ್ದ ಮೂಲೆ ಜಾರಿ ಬೀಳುವುದೊಂದು ಬಾಕಿ. “ಖಾಯಂ ಅಂದ್ರೆ? ಗಂಟೆ ಹೊಡೆದು ಹೋಗೋದು, ಗಂಟೆ ಹೊಡೆದು ಬರೋದು?”

“ಗಂಟೆ ಹೊಡೆಯಲ್ಲ ಅತ್ತೆ, ಕಾರ್ಡ್ ತೋರಿಸ್ಬೇಕು.”

“ಕಾರ್ಡೋ ಗಂಟೆಯೋ, ಸಂಬಳ ತಿಂಗಳು ತಿಂಗಳು ಬರುತ್ತೆ ತಾನೆ? ಹೂಂ ಅಂದ್ಯಾ?”

“ಅಂದಿದೀನಿ. ನೋಡೋಣ.”

“ನೋಡೋದೇನು ಬಂತು! ನೀನು ಪರದೆ ಮುಂದೆ ಕೂತ್ಕೋ ತಾಯಿ. ಶೀಟು ಒಗೆಯೋದು, ಮಡಿಸೋದು, ಮನೆ ಕೆಲಸ ಎಲ್ಲ ನಾನು ನೋಡ್ಕೋತೀನಿ.” ಅವತ್ತಿನಿಂದ ಅತ್ತೆ ಸೊಸೆಗೆ ಕೇಳದಿದ್ದರೂ ಎರಡು ಗಂಟೆಗೊಮ್ಮೆ ಟೀ ತಂದು ಇಡತೊಡಗಿದರು. ಮೊಮ್ಮಗಳು “ಅಜ್ಜೀ, ನನಗೂ ಖಾಯಂ ಕೆಲಸ ಸಿಗುತ್ತೆ, ಟೀ ಕೊಡು,” ಎಂದು ಬೈಸಿಕೊಂಡಳು.

ಮುಂದಿನ ವಾರಗಳಲ್ಲಿ ಚಾನೆಲ್ಲಿನಿಂದ ಬೇಡಿಕೆಗಳು ಬರಲಾರಂಭಿಸಿದವು. ಚಿತ್ರ ಮೂವತ್ತು ನಿಮಿಷವಿತ್ತು, ಅವರಿಗೆ ಇಪ್ಪತ್ತಾರು ಸಾಕಂತೆ. ಲಾಂಡ್ರಿಯಲ್ಲಿ ಹೆಂಗಸರು ಇಷ್ಟೊಂದು ನಗುವುದು ಬೇಡವಂತೆ, ಆಸ್ಪತ್ರೆ ಅಲ್ಲವೇ. ಒಂದು ಶಾಟಿನಲ್ಲಿ ಶೀಟು ಎಡದಿಂದ ಬಲಕ್ಕೆ ಹೋದರೆ ಮುಂದಿನದರಲ್ಲಿ ಬಲದಿಂದ ಎಡಕ್ಕೆ ಬರುತ್ತದಂತೆ, ನೋಡುವವರ ಕಣ್ಣು ಎಡವುತ್ತದಂತೆ. ಸೊಸೆ ಹಲ್ಲು ಕಚ್ಚಿಕೊಂಡು ಕತ್ತರಿಸಿದಳು, ಜೋಡಿಸಿದಳು, ಮತ್ತೆ ಕತ್ತರಿಸಿದಳು. ನಡುವೆ, ತನ್ನ ಹಿನ್ನೆಲೆ ಮಾತಿನ ಅಡಿಗೆ ಹಾಕಲು ಯಾರೂ ಮಾತಾಡದ ಕೋಣೆಯ ಸದ್ದು ಬೇಕೆಂದು, ಮನೆಯವರನ್ನೆಲ್ಲ ಒಂದು ನಿಮಿಷ ಉಸಿರು ಬಿಗಿಹಿಡಿಸಿ ಕೂರಿಸಿದಳು. ಐವತ್ತೈದನೇ ಸೆಕೆಂಡಿಗೆ ಕುಕ್ಕರ್ ಸೀಟಿ ಹೊಡೆಯಿತು.

“ಅತ್ತೇ!”

“ಕುಕ್ಕರಿಗೆ ಕಿವಿ ಇದ್ಯೇನೇ? ಅದಕ್ಕೆ ಹೇಗೆ ಹೇಳ್ಲಿ?” ಎಂದರು ಅತ್ತೆ. ಎಲ್ಲರೂ ನಕ್ಕು, ಮತ್ತೆ ಒಂದು ನಿಮಿಷ ಕೂತರು.

ತರಕಾರಿ ಹಲಗೆ ಪರದೆಗೆ ಎದುರೇ ಇದ್ದುದರಿಂದ, ಆರು ತಿಂಗಳಲ್ಲಿ ಅತ್ತೆ ಬೀನ್ಸ್ ಬಿಡಿಸುತ್ತಾ ಆ ನಲವತ್ತು ಹೆಂಗಸರನ್ನೂ ಗುರುತು ಹಿಡಿದಿದ್ದರು. ಯಾರು ಸೋಮಾರಿ, ಯಾರು ಬಾಯಿಬಡುಕಿ, ಯಾರಿಗೆ ಮಂಡಿ ನೋವು, ಎಲ್ಲ ಗೊತ್ತಿತ್ತು. ಅವರಿಗೆ ಎಲ್ಲರಿಗಿಂತ ಇಷ್ಟವಾದವಳು ಎಡಚಿ. ಲಾಂಡ್ರಿಯಲ್ಲಿ ಅವಳನ್ನು ಕರೆಯುತ್ತಿದ್ದುದೇ ಹಾಗೆ. ಎಡಗೈಯ ಹೆಬ್ಬೆರಳ ಬುಡದಲ್ಲಿ ಇಸ್ತ್ರಿ ಯಂತ್ರ ಸುಟ್ಟ, ಬಟಾಣಿ ಕಾಳಿನಷ್ಟು ಕಲೆ. ಚಿತ್ರದಲ್ಲಿ ಅವಳು ಹೇಳುತ್ತಿದ್ದಳು:

“ಸ್ಕೂಲಲ್ಲಿ ಟೀಚರ್ ಈ ಕೈಗೆ ಹೊಡೆದ್ರು. ಮನೇಲಿ ಅಮ್ಮ ಬೈದ್ರು. ಎಲ್ಲಿ ಹೋದ್ರೂ ಈ ಕೈದೇ ತಪ್ಪು. ಇಲ್ಲಿಗೆ ಬಂದ ದಿನ ನಮ್ಮ ಮೇಲ್ವಿಚಾರಕಿ ಮೇಡಂ ಏನಂದ್ರು ಗೊತ್ತಾ? ಬಾರಮ್ಮ, ನೀನೇ ಬೇಕಾಗಿತ್ತು ಅಂದ್ರು. ಎದುರುಬದುರು ನಿಂತು ಮಡಿಸೋರಲ್ಲಿ ಒಬ್ಬಳು ಎಡಗೈ, ಒಬ್ಬಳು ಬಲಗೈ ಇದ್ರೆ ಶೀಟು ತಾನಾಗೇ ಕೂಡುತ್ತಂತೆ. ಅವತ್ತು ಮನೆಗೆ ಹೋಗಿ ಈ ಕೈಗೆ ಮುತ್ತು ಕೊಟ್ಟೆ!”

ಅದನ್ನು ಮೊದಲ ಸಲ ಕೇಳಿದಾಗ ಅತ್ತೆ ಚಾಕು ಕೆಳಗಿಟ್ಟು, “ಇನ್ನೊಂದ್ಸಲ ಹಾಕು,” ಎಂದಿದ್ದರು.

“ಯಾಕೆ ಅತ್ತೆ?”

“ಸರಿಯಾಗಿ ಕೇಳಿಸ್ಲಿಲ್ಲ.” ಕೇಳಿಸಿತ್ತು, ಒಂದಕ್ಷರ ಬಿಡದೆ ಕೇಳಿಸಿತ್ತು.

ಶನಿವಾರ ಮಧ್ಯಾಹ್ನ ಚಿತ್ರ ಮುಗಿಯಿತು. ಮರುದಿನ ನಾಲ್ಕು ಗಂಟೆಗೆ ಚಾನೆಲ್ಲಿನವರು ಮನೆಗೇ ಬರುವುದೆಂದು, ಇಲ್ಲೇ ಚಿತ್ರ ನೋಡಿ, ಒಪ್ಪಿಗೆಯಾದರೆ ಕೆಲಸದ ಕಾಗದ ಕೊಡುವುದೆಂದು ಮಾತಾಗಿತ್ತು. ಸೊಸೆ ಮನೆಯವರಿಗೆಲ್ಲ ಚಿತ್ರ ಹಾಕಿ ತೋರಿಸಿದಳು. ಸರಿಯಾಗಿ ಇಪ್ಪತ್ತಾರು ನಿಮಿಷ. ಮಗ ಚಪ್ಪಾಳೆ ತಟ್ಟಿದ. ಮೊಮ್ಮಗಳು “ಅಮ್ಮಾ, ಸೂಪರ್,” ಎಂದಳು.

ಅತ್ತೆ ಮಾತ್ರ ಖಾಲಿಯಾದ ಪರದೆಯನ್ನೇ ನೋಡುತ್ತಿದ್ದರು.

ಎಡಚಿಯ ಮಾತು ಪೂರಾ ಹೋಗಿತ್ತು. ಹೋಗಲಿ, ನಾಲ್ಕು ನಿಮಿಷ ಎಲ್ಲಿಂದಾದರೂ ಹೋಗಬೇಕಲ್ಲ. ಆದರೆ ಮಡಿಸುವ ಕೈಗಳ ಒಂದು ಶಾಟು ಉಳಿದಿತ್ತು, ಬರೀ ಕೈ, ಮುಖವಿಲ್ಲ. ಅದರಲ್ಲಿ ಸುಟ್ಟ ಕಲೆ ಬಲಗೈ ಮೇಲಿತ್ತು! ಶೀಟು ಎಲ್ಲ ಶಾಟುಗಳಲ್ಲೂ ಒಂದೇ ಕಡೆಗೆ ಹೋಗಲೆಂದು ಸೊಸೆ ಅದನ್ನು ಕನ್ನಡಿಯಲ್ಲಿ ಕಂಡ ಹಾಗೆ ಎಡದ್ದು ಬಲಕ್ಕೆ ತಿರುಗಿಸಿಬಿಟ್ಟಿದ್ದಳು. ನಾಲ್ಕೇ ಸೆಕೆಂಡು. ಕಂಪ್ಯೂಟರಿನ ಒಂದು ಗುಂಡಿ ಒತ್ತಿ ಎಡಚಿಯನ್ನು ಬಲಗೈಯವಳನ್ನಾಗಿ ಮಾಡಿಯಾಗಿತ್ತು.

“ಏನತ್ತೆ, ಚೆನ್ನಾಗಿಲ್ವಾ?”

“ಚೆನ್ನಾಗಿದೆ, ಚೆನ್ನಾಗಿದೆ,” ಎಂದು ಅತ್ತೆ ಎದ್ದು ಅಡುಗೆಮನೆಗೆ ಹೋದರು. ಹೇಳಿದರೆ ಚಿತ್ರ ಬಿಚ್ಚಬೇಕು. ಬಿಚ್ಚಿದರೆ ನಾಳೆಗೆ ಆಗುವುದಿಲ್ಲ. ಆಗದಿದ್ದರೆ ಖಾಯಂ ಕೆಲಸ ಕೈತಪ್ಪುತ್ತದೆ. ತಾವೇ ಹಗಲೂ ಇರುಳೂ ಬಯಸಿದ ಕೆಲಸ. ಯಾವಳೋ ಒಬ್ಬಳ ಹೆಬ್ಬೆರಳು ಯಾವ ಕಡೆಗಿದ್ದರೆ ತಮಗೇನು?

ಆದರೆ ಒಲೆಯ ಮುಂದೆ ನಿಂತು ಅತ್ತೆ ತಮ್ಮ ಎಡಗೈಯನ್ನು ನೋಡಿಕೊಂಡರು. ಅವರೂ ಎಡಚಿಯೇ. ಈ ಮನೆಯಲ್ಲಿ ಯಾರಿಗೂ ಗೊತ್ತಿಲ್ಲದ ವಿಷಯ, ತೀರಿಕೊಂಡ ಗಂಡನಿಗೂ ಹೇಳಿರಲಿಲ್ಲ. ಶಾಲೆಯಲ್ಲಿ ಅಡಿಪಟ್ಟಿಯ ಏಟು ತಿಂದು ತಿಂದು ಬರೆಯುವುದನ್ನು ಬಲಗೈಗೆ ಕಲಿಸಿದರು. ಕಾರ್ಖಾನೆಯ ಸಾಲು ಓಡುತ್ತಿದ್ದುದೇ ಬಲಗೈಯವರಿಗಾಗಿ. ಅಲ್ಲಿ ಉಳಿದದ್ದೂ ಹೋಯಿತು. ಚಾಕು, ಚಮಚ, ಪೆನ್ನು, ಎಲ್ಲ ಬಲಗೈಗೆ. ಶೀಟು ಮಡಿಸುವಾಗ ಮಾತ್ರ, ಯಾರ ಕಣ್ಣೂ ಕೈ ಮೇಲೆ ಇರುವುದಿಲ್ಲವಲ್ಲ, ಎಡಗೈ ತನ್ನಷ್ಟಕ್ಕೆ ಮುಂದೆ ಬರುತ್ತಿತ್ತು. ಅವತ್ತು ಅತ್ತೆಗೆ ಊಟ ಸೇರಲಿಲ್ಲ. ಹೊಟ್ಟೆ ಸರಿಯಿಲ್ಲ ಎಂದರು.

ಭಾನುವಾರ ಬೆಳಿಗ್ಗೆ ಮಹಡಿಯ ಮೇಲೆ ಮೂರು ಶೀಟು ಮಡಿಸುವವರೆಗೂ ತಡೆದುಕೊಂಡರು. ನಾಲ್ಕನೆಯದಕ್ಕೆ ಆಗಲಿಲ್ಲ.

“ಅವಳ ಕೈ ಯಾಕೆ ತಿರುಗಿಸಿದೆ?”

“ಯಾರ ಕೈ?”

“ಎಡಚಿ ಕೈ. ಕಲೆ ಬಲಗಡೆ ಬಂದಿದೆ.”

ಸೊಸೆ ಬಿಳಿಚಿಕೊಂಡಳು. ಆಮೇಲೆ ರೇಗಿದಳು. “ನಾಲ್ಕು ಸೆಕೆಂಡು ಅತ್ತೆ! ಯಾರಿಗೆ ಕಾಣುತ್ತೆ ಅದು? ಮುಖಾನೂ ಇಲ್ಲ. ಖಾಯಂ ಕೆಲಸ ಖಾಯಂ ಕೆಲಸ ಅಂತ ಮೂರು ಹೊತ್ತು ಜಪ ಮಾಡಿದ್ದು ನೀವೇ. ಈಗ, ಇವತ್ತು, ಅವರು ಬರೋ ದಿನ ಹೇಳ್ತಿದೀರ!”

“ನಿನ್ನೆನೇ ಹೇಳ್ಬೇಕಿತ್ತು. ನನಗೂ ಆಸೆ ಇತ್ತಲ್ಲೇ, ನುಂಗ್ಕೊಂಡೆ,” ಎಂದರು ಅತ್ತೆ. “ಚಿತ್ರ ಬಂದಾಗ ಅವಳು ನೋಡಲ್ವೇನೇ? ಮಕ್ಕಳನ್ನ ಕೂರಿಸ್ಕೊಂಡು ನೋಡ್ತಾಳೆ. ಸ್ಕೂಲಲ್ಲಿ ಹೊಡೆದು ಮಾಡಿದ್ದನ್ನೇ ನೀನೂ ಮಾಡ್ದೆ ಅಂದ್ಕೊಳಲ್ವಾ?”

ಶೀಟು ಇಬ್ಬರ ಕೈಯಲ್ಲೂ ಹಾಗೇ ಇತ್ತು. ಸೊಸೆ ತನ್ನ ಮೂಲೆಗಳನ್ನು ತಂದು ಅತ್ತೆಯ ಕೈಗಿಟ್ಟು, ದಡದಡ ಮೆಟ್ಟಿಲಿಳಿದು ಹೋದಳು.

ಅತ್ತೆ ಕೆಳಗೆ ಬರುವಷ್ಟರಲ್ಲಿ ಅವಳು ಕಂಪ್ಯೂಟರಿನ ಮುಂದೆ ಕೂತಾಗಿತ್ತು. ಮಗ ಬ್ರೆಡ್ಡು ಸುಟ್ಟ, ಅರ್ಧ ಕರಕಲು ಮಾಡಿದ. ಮೊಮ್ಮಗಳು ಮೊಟ್ಟೆ ಬೇಯಿಸಿ ಅಮ್ಮನ ಬಾಯಿಗೆ ತುರುಕಿದಳು. ಯಾರೂ ಜೋರಾಗಿ ಕೆಮ್ಮಲೂ ಇಲ್ಲ. ಅತ್ತೆ ಕುಕ್ಕರನ್ನೇ ಮುಟ್ಟಲಿಲ್ಲ.

ನಾಲ್ಕಕ್ಕೆ ಸರಿಯಾಗಿ ಚಾನೆಲ್ಲಿನವರು ಬಂದರು. ಮೆತ್ತಗಿನ ಮಾತಿನ, ಕನ್ನಡಕದ, ಒಳ್ಳೆಯ ಮನುಷ್ಯ. ಮೇಜಿನ ಮುಂದೆ ಕೂತು ಚಿತ್ರ ನೋಡಿದರು, ಎರಡು ಕಡೆ ನಕ್ಕರು, ಒಂದು ಕಡೆ ಕನ್ನಡಕ ಒರೆಸಿಕೊಂಡರು. ಮುಗಿದ ಮೇಲೆ ಗಡಿಯಾರ ನೋಡಿದರು.

“ತುಂಬಾ ಚೆನ್ನಾಗಿದೆ. ಆದ್ರೆ ಮೂವತ್ತು ನಿಮಿಷ ಆಯ್ತಲ್ಲ?”

“ಹೌದು ಸರ್.”

“ನಾವು ಇಪ್ಪತ್ತಾರು ಅಂತ ಮಾತಾಡಿದ್ವಿ. ಆ ಎಡಗೈ ಹೆಂಗಸಿನ ಮಾತು ತೆಗೆದ್ರೆ ಸರಿಹೋಗುತ್ತೆ. ಆ ಕೈ ಶಾಟು ತಿರುಗಿಸಿಬಿಡಿ, ಜೋಡಣೆ ಚೆನ್ನಾಗಿ ಕೂರುತ್ತೆ. ಯಾರಿಗೂ ಗೊತ್ತಾಗಲ್ಲ.”

ಟೀ ತಂದಿಡುತ್ತಿದ್ದ ಅತ್ತೆ ಬಾಯಿಗೆ ಬೀಗ ಹಾಕಿಕೊಳ್ಳುವುದೆಂದು ಬೆಳಗಿನಿಂದ ಹತ್ತು ಸಲ ತೀರ್ಮಾನಿಸಿದ್ದರು. “ನನಗೆ ಗೊತ್ತಾಯ್ತಲ್ಲ ಸ್ವಾಮಿ,” ಎಂದುಬಿಟ್ಟರು.

ಅವರು ತಲೆಯೆತ್ತಿ ನೋಡಿದರು. “ತಾವು?”

“ನಮ್ಮತ್ತೆ,” ಎಂದಳು ಸೊಸೆ. ಅವಳ ಮುಖದಲ್ಲಿ ಬೆಳಗಿನ ಸಿಟ್ಟು ಇರಲಿಲ್ಲ. “ಬಿಸ್ಕತ್ ಕಾರ್ಖಾನೇಲಿ ಇದ್ದವರು. ಸರ್, ಅದನ್ನ ತೆಗೆಯೋಕಾಗಲ್ಲ. ಬೇರೆ ಎಲ್ಲಿ ಹೇಳಿದ್ರೂ ಕತ್ತರಿಸ್ತೀನಿ. ಅದನ್ನ ಮಾತ್ರ ಆಗಲ್ಲ.”

“ಬೇರೆಲ್ಲೂ ಕತ್ತರಿಸೋ ಅಂಥದ್ದಿಲ್ಲವಲ್ಲಮ್ಮ, ಅದೇ ಕಷ್ಟ,” ಎಂದು ಅವರು ನಿಜವಾದ ಬೇಸರದಲ್ಲೇ ಹೇಳಿದರು. “ನನ್ನ ಹತ್ರ ಇರೋ ಜಾಗ ಇಪ್ಪತ್ತಾರು ನಿಮಿಷದ್ದು. ಕೆಲಸಕ್ಕೆ ಸೇರಿದ್ಮೇಲೂ ವಾರ ವಾರ ಇದೇ ಮಾತು ಬರುತ್ತೆ. ನಿಮಗೆ ಆಗುತ್ತಾ?”

ಸೊಸೆ ಸ್ವಲ್ಪ ಯೋಚಿಸಿ, “ಆಗಲ್ಲ ಅನ್ಸುತ್ತೆ ಸರ್,” ಎಂದಳು.

ಅವರು ಟೀ ಮುಗಿಸಿದರು, ಟೀ ಚೆನ್ನಾಗಿದೆ ಎಂದರು, ಕಾಗದವನ್ನು ಚೀಲದಿಂದ ಹೊರಗೆ ತೆಗೆಯದೆಯೇ ಹೊರಟುಹೋದರು.

ಬಾಗಿಲು ಹಾಕಿದ ಮೇಲೆ ಅತ್ತೆ ತಲೆ ಮೇಲೆ ಕೈ ಹೊತ್ತು ಕೂತರು. “ನನ್ನ ಬಾಯಿ ಸುಟ್ಟುಹೋಗ. ಮನೆ ಬಾಗಿಲಿಗೆ ಬಂದ ಸಂಬಳಾನ ನಾನೇ ಟೀ ಕುಡಿಸಿ ಕಳಿಸ್ದೆ.”

ಸೊಸೆ ಮೊದಲು ಮುಗುಳ್ನಕ್ಕಳು. ಆಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕಳು. ಅವಳು ನಗುವುದನ್ನು ಕಂಡು ಮಗನಿಗೂ ಧೈರ್ಯ ಬಂತು. “ನಾಳೆಯಿಂದ ಏನ್ಮಾಡ್ತೀಯ?” ಎಂದು ಕೇಳಿದ.

“ಆಮೆ ಆಸ್ಪತ್ರೆಯವರು ಕರೀತಿದಾರೆ. ಸಮುದ್ರದ ಆಮೆಗಳಿಗೆ ಔಷಧಿ ಹಾಕಿ ವಾಪಸ್ ಬಿಡ್ತಾರಂತೆ. ಹೋಗ್ತೀನಿ.”

“ಆಮೇನೂ ಮನೆಗೆ ತಂದಿಟ್ಕೋತೀಯೇನೇ?” ಎಂದರು ಅತ್ತೆ ಗಾಬರಿಯಿಂದ.

ಉತ್ತರ ಹೇಳುವ ಬದಲು ಸೊಸೆ ಒಂದೊಂದೇ ತಂತಿ ಕಿತ್ತು, ಪರದೆಗಳನ್ನು ಹೊತ್ತು ಮಂಚದ ಮೇಲಿಟ್ಟಳು. ಅವತ್ತು ನಾಲ್ವರೂ ಮೇಜಿನ ಸುತ್ತ ಕೂತು ಉಂಡರು. ಮಗ ಸುಟ್ಟಿದ್ದ ಬ್ರೆಡ್ಡೇ ಇತ್ತು. ಅತ್ತೆ ಎರಡು ಸಲ ಹಾಕಿಸಿಕೊಂಡರು.

ಎರಡು ವಾರದ ಮೇಲೆ ಲಾಂಡ್ರಿಯ ಹೆಂಗಸರಿಗೆ ಚಿತ್ರ ತೋರಿಸುವುದೆಂದಾಯಿತು. ಮಧ್ಯಾಹ್ನದ ಬಿಡುವಿನಲ್ಲಿ, ಯಂತ್ರಗಳನ್ನು ನಿಲ್ಲಿಸಿದಾಗ. ಸೊಸೆ ಮನೆಯವರನ್ನೂ ಕರೆದುಕೊಂಡು ಹೋದಳು. ಪರದೆಗೆ ಏನು ಮಾಡುವುದು? ಮೇಲ್ವಿಚಾರಕಿ ಕಪಾಟಿನಿಂದ ಇದ್ದದ್ದರಲ್ಲಿ ಅತಿ ದೊಡ್ಡ ಶೀಟು ತೆಗೆದು, ಆವಿಯ ಕೊಳವೆಗೆ ಕಟ್ಟಿಸಿದರು. ಅತ್ತೆ ನಲವತ್ತು ಹೆಂಗಸರನ್ನೂ ಕಣ್ಣಾರೆ ಕಂಡು, “ನಿನ್ನ ಮಂಡಿ ಹೇಗಿದೆಯಮ್ಮ?” ಎಂದು ಒಬ್ಬಳನ್ನು ವಿಚಾರಿಸಿ ಅವಳನ್ನು ಬೆಚ್ಚಿಬೀಳಿಸಿದರು.

ಚಿತ್ರ ಶುರುವಾಯಿತು. ಹೆಂಗಸರು ಒಬ್ಬರನ್ನೊಬ್ಬರು ತಿವಿದುಕೊಂಡು ನಕ್ಕರು. ಎಡಚಿಯ ಮಾತು ಬಂದಾಗ ಎಲ್ಲ ಅವಳ ಕಡೆ ತಿರುಗಿದರು. ಆಮೇಲೆ ಆ ನಾಲ್ಕು ಸೆಕೆಂಡು. ಎಡಗೈ, ಹೆಬ್ಬೆರಳ ಬುಡದಲ್ಲಿ ಕಲೆ.

“ನನ್ನ ಕೈ!” ಎಂದು ಎಡಚಿ ಎದ್ದು ನಿಂತು ಕೂಗಿದಳು. “ನೋಡ್ರೇ, ಅದು ನನ್ನ ಕೈ!”

ಅತ್ತೆಗೆ ಖಾಯಂ ಕೆಲಸದ ಚಿಂತೆ ಆ ಕ್ಷಣಕ್ಕೆ ಪೂರಾ ಹೋಯಿತು. ಕಣ್ಣಲ್ಲಿ ನೀರು ಬಂತು, ಒರೆಸಿಕೊಳ್ಳಲೂ ಇಲ್ಲ.

ಬಿಡುವು ಮುಗಿದ ಗಂಟೆ ಹೊಡೆಯಿತು. ಎಡಚಿ ಕೊಳವೆಯಿಂದ ಶೀಟು ಬಿಚ್ಚಿ ಎರಡು ಮೂಲೆ ಹಿಡಿದು, ಆ ಕಡೆ ಹಿಡಿಯುವವರಿಗಾಗಿ ನೋಡಿದಳು. ಹತ್ತಿರವಿದ್ದವರು ಅತ್ತೆ.

“ಕೊಡಮ್ಮ, ನಾನು ಹಿಡೀತೀನಿ.”

ಇಬ್ಬರೂ ಒಟ್ಟಿಗೆ ಕೈ ತಂದರು. ಶೀಟು ನಡುವೆ ಹಗ್ಗದ ಹಾಗೆ ತಿರುಚಿಕೊಂಡಿತು. ಬಿಡಿಸಿ, ಝಾಡಿಸಿ, ಮತ್ತೆ ಮಡಿಸಿದರು. ಮತ್ತೆ ತಿರುಚಿತು. ಹೆಂಗಸರೆಲ್ಲ ಕೆಲಸ ಬಿಟ್ಟು ನೋಡುತ್ತಿದ್ದರು. “ಎಡಚಿ ಕೈಲಿ ಶೀಟು ತಿರುಚಿದ್ದು ಇದೇ ಮೊದಲು!” ಎಂದಳು ಬಾಯಿಬಡುಕಿ.

ಎಡಚಿ ಶೀಟು ಬಿಡದೆ ಅತ್ತೆಯ ಕೈಗಳನ್ನೇ ನೋಡಿದಳು. ಅವಳ ಮುಖ ಅರಳಿತು.

“ಅಯ್ಯೋ ಅಮ್ಮಾ! ನೀವೂ ನಮ್ಮ ಪೈಕಿನೇ!”

“ಹೂಂ ಕಣಮ್ಮ,” ಎಂದರು ಅತ್ತೆ. ಅರವತ್ತು ವರ್ಷ ಮುಚ್ಚಿಟ್ಟದ್ದು ಇಷ್ಟು ಸುಲಭವಾಗಿ ಬಾಯಿಂದ ಬಂದದ್ದು ಅವರಿಗೇ ಸೋಜಿಗವಾಯಿತು. “ನಾನೂ ಎಡಚಿನೇ.”

ಮಗ “ಅಮ್ಮ?” ಎಂದ. ಮೊಮ್ಮಗಳು “ಅಜ್ಜೀ!” ಎಂದು ಕಿರುಚಿದಳು. ಸೊಸೆ ಅಷ್ಟರಲ್ಲಿ ಕ್ಯಾಮೆರಾ ಎತ್ತಿದ್ದವಳು ಹಾಗೇ ನಿಂತುಬಿಟ್ಟಳು.

“ಹದಿನೈದು ವರ್ಷ ಅತ್ತೆ... ಅದಕ್ಕೇನಾ ನಮ್ಮಿಬ್ಬರದು ಒಂದು ದಿನಾನೂ ತಿರುಚಲಿಲ್ಲ?”

“ಕ್ಯಾಮೆರಾ ಕೆಳಗಿಡು,” ಎಂದರು ಅತ್ತೆ. “ಬಂದು ಆ ಕಡೆ ಮೂಲೆ ಹಿಡಿ.”

ಎಡಚಿ ನಗುತ್ತಾ ತನ್ನ ಎರಡು ಮೂಲೆಗಳನ್ನು ಸೊಸೆಗೆ ಕೊಟ್ಟಳು. ಅತ್ತೆ ಎಲ್ಲರೂ ನೋಡುತ್ತಿದ್ದಂತೆಯೇ ಎಡಗೈಯನ್ನು ಮುಂದೆ ತಂದರು. ಶೀಟು ಒಂದೇ ಸಲಕ್ಕೆ ಕೂಡಿಕೊಂಡಿತು.